ನೀರು ಹೊರುವ ಕೆಲಸದಿಂದ ಶುರು: ಸಿಮ್ಸ್ ಆಟದೊಳಗೆ ನಮ್ಮೂರ ಕ್ರೀಡಾಂಗಣ

ಶಿವಮೊಗ್ಗದ ನವುಲೆ ಕೆಎಸ್‌ಸಿಎ ಮೈದಾನದಲ್ಲಿ 2024ರ ಜನವರಿಯಲ್ಲಿ ಕಿರಿಯರ ಕ್ರಿಕೆಟ್ ಪಂದ್ಯಾವಳಿಯಾದ ಕೂಚ್ ಬೆಹಾರ್ ಟ್ರೋಫಿಯ ಫೈನಲ್ ನಡೆಯಿತು. ಕರ್ನಾಟಕದ ಪ್ರಖರ್ ಚತುರ್ವೇದಿ ಮುಂಬೈ ಎದುರು 638 ಎಸೆತ ಆಡಿ ಅಜೇಯ 404 ರನ್ ಗಳಿಸಿದರು. ತಂಡದ ಮೊತ್ತ 8 ವಿಕೆಟ್‌ಗೆ 890ಕ್ಕೆ ಮುಟ್ಟಿತು. ಪತ್ರಿಕೆಗಳು ಆ 404ರ ಬಗ್ಗೆ ಬರೆದವು, ಬರೆಯಲೇಬೇಕಾದ ಇನಿಂಗ್ಸ್ ಅದು. ಅಷ್ಟು ಹೊತ್ತು ನಿಂತು ಆಡಿದ ಹುಡುಗನಿಗೆ ವಿರಾಮ ವಿರಾಮಕ್ಕೂ ನೀರು, ಒಣ ಗ್ಲೌಸು ಹೊತ್ತು ಓಡಿದವರ ಲೆಕ್ಕ ಮಾತ್ರ ಸ್ಕೋರ್‌ಕಾರ್ಡಿನಲ್ಲಿ ಬರುವುದಿಲ್ಲ.

‘ದಿ ಸಿಮ್ಸ್ 4’ ಎಂಬ ಕಂಪ್ಯೂಟರ್ ಆಟದಲ್ಲಿ ಕ್ರೀಡಾಪಟುವಿನ ಬದುಕು ಆರಂಭವಾಗುವುದೇ ಆ ಕೆಲಸದಿಂದ. ಮೊದಲ ಹುದ್ದೆ ತಂಡಕ್ಕೆ ನೀರು ಕೊಡುವುದು. ಎರಡನೆಯದು ಬಟ್ಟೆ ಬದಲಿಸುವ ಕೋಣೆಯ ಸಹಾಯಕ. ಮೂರನೆಯದು ತಂಡದ ಮ್ಯಾಸ್ಕಾಟ್, ಅಂದರೆ ವೇಷ ತೊಟ್ಟು ಪ್ರೇಕ್ಷಕರನ್ನು ಕುಣಿಸುವವರು. ನಾಲ್ಕನೆಯದು ನೃತ್ಯತಂಡದ ನಾಯಕತ್ವ. ಅಲ್ಲಿಂದ ದಾರಿ ಎರಡಾಗುತ್ತದೆ: ಒಂದು ದೇಹದಾರ್ಢ್ಯದ ಕಡೆಗೆ, ಇನ್ನೊಂದು ವೃತ್ತಿಪರ ಆಟಗಾರನ ಕಡೆಗೆ. ಎರಡನೆಯ ದಾರಿ ಹಿಡಿದವರು ಸಣ್ಣ ಲೀಗು, ಹೊಸಬ, ಖಾಯಂ ಆಟಗಾರ, ತಾರೆ ಎಂದು ಮೆಟ್ಟಿಲೇರಿ ಹತ್ತನೆಯ ಹಂತದಲ್ಲಿ ‘ಹಾಲ್ ಆಫ್ ಫೇಮ್’ ತಲುಪುತ್ತಾರೆ.

ಒಂದು ಕೊರತೆ ಇದೆ. ಕೆಲಸದ ಹೊತ್ತಾದಾಗ ಪಾತ್ರ ಮನೆಯಿಂದ ಹೊರಟು ಪರದೆಯಿಂದ ಮಾಯವಾಗುತ್ತದೆ, ಸಂಜೆ ಸಂಬಳದೊಂದಿಗೆ ಹಿಂತಿರುಗುತ್ತದೆ. ಅದು ಹೋಗಿಬಂದ ಕ್ರೀಡಾಂಗಣ ಕಾಣಿಸುವುದೇ ಇಲ್ಲ. ಆ ಕ್ರೀಡಾಂಗಣವನ್ನು ಆಡುವವರೇ ಕಟ್ಟಿಕೊಳ್ಳಬೇಕು. ಕಟ್ಟುವುದೇ ಆದರೆ ಅಮೆರಿಕದ ಯಾವುದೋ ಊರಿನದನ್ನು ಯಾಕೆ ಕಟ್ಟಬೇಕು? ಶಿವಮೊಗ್ಗದ ನೆಹರೂ ಕ್ರೀಡಾಂಗಣವಿದೆ, ಭದ್ರಾವತಿಯ ವಿಐಎಸ್‌ಎಲ್ ಮೈದಾನವಿದೆ, ಊರೂರಿನ ಹೊನಲು ಬೆಳಕಿನ ಕಬಡ್ಡಿ ಅಂಕಣಗಳಿವೆ. ಅವನ್ನು ಆಟದೊಳಗೆ ತರುವ ಬಗೆ ಇಲ್ಲಿದೆ.

ಏನಿದು ಆಟ?

ಸಿಮ್ಸ್‌ನಲ್ಲಿ ಗೆಲ್ಲಲು ಶತ್ರುಗಳಿಲ್ಲ, ಮುಗಿಸಲು ಕೊನೆಯ ಹಂತವೂ ಇಲ್ಲ. ‘ಸಿಮ್’ ಎಂಬ ಪುಟ್ಟ ಮನುಷ್ಯರನ್ನು ಸೃಷ್ಟಿಸಿ ಅವರ ಊಟ, ನಿದ್ದೆ, ಸ್ನಾನ, ಕೆಲಸ, ಸ್ನೇಹ, ಜಗಳಗಳನ್ನು ನೋಡಿಕೊಳ್ಳುವುದೇ ಆಟ. ಇದನ್ನು ರೂಪಿಸಿದ ವಿಲ್ ರೈಟ್ ಅವರ ಮನೆ 1991ರಲ್ಲಿ ಅಮೆರಿಕದ ಓಕ್ಲೆಂಡಿನ ಬೆಂಕಿ ಅನಾಹುತದಲ್ಲಿ ಸುಟ್ಟುಹೋಗಿತ್ತು. ಬದುಕಿಗೆ ಬೇಕಾದ ಒಂದೊಂದೇ ವಸ್ತುವನ್ನು ಮತ್ತೆ ಕೂಡಿಸಿಕೊಳ್ಳುತ್ತಾ ಹೋದಾಗ ಅವರಿಗೆ ಈ ಆಟದ ಕಲ್ಪನೆ ಬಲಿಯಿತು. ಮೊದಲ ಸಿಮ್ಸ್ ಬಂದದ್ದು 2000ದ ಫೆಬ್ರುವರಿಯಲ್ಲಿ, ನಾಲ್ಕನೆಯದು 2014ರ ಸೆಪ್ಟೆಂಬರಿನಲ್ಲಿ. 2022ರ ಅಕ್ಟೋಬರ್ 18ರಿಂದ ಸಿಮ್ಸ್ 4ರ ಮೂಲ ಆಟ ಉಚಿತ.

ನಗುವಿಗೆ ಇಲ್ಲಿ ಬರವಿಲ್ಲ. ಸಿಮ್‌ಗಳು ಮಾತಾಡುವುದು ‘ಸಿಮ್ಲಿಷ್’ ಎಂಬ ಅರ್ಥವಿಲ್ಲದ ಭಾಷೆ. ಹಾಸ್ಯ ಕಲಾವಿದರು ಧ್ವನಿಮುದ್ರಣದ ಕೋಣೆಯಲ್ಲಿ ಆಶುವಾಗಿ ಆಡಿ ಕಟ್ಟಿದ ಭಾಷೆ ಅದು. ನಮಸ್ಕಾರಕ್ಕೆ ‘ಸುಲ್ ಸುಲ್’, ಹೋಗಿಬರುತ್ತೇನೆ ಎನ್ನಲು ‘ಡಾಗ್ ಡಾಗ್’, ಮಗುವಿಗೆ ‘ನೂಬೂ’. ಮಾತು ತಿಳಿಯದಿದ್ದರೂ ಭಾವ ತಿಳಿಯುತ್ತದೆ. ಹಾಗಾಗಿ ಆಟದ ಮೆನುಗಳು ಇಂಗ್ಲಿಷಿನಲ್ಲಿದ್ದರೂ ಪಾತ್ರಗಳ ಸುಖದುಃಖ ಕನ್ನಡದ ಮಕ್ಕಳಿಗೂ ನೇರವಾಗಿ ಮುಟ್ಟುತ್ತದೆ.

ಕಂಪ್ಯೂಟರಿಗೆ ಇಳಿಸಿಕೊಳ್ಳುವುದು

ವಿಂಡೋಸ್ ಇರುವ ಸಾಮಾನ್ಯ ಲ್ಯಾಪ್‌ಟಾಪಿನಲ್ಲೂ ಆಟ ನಡೆಯುತ್ತದೆ. ಕನಿಷ್ಠ 4 ಜಿಬಿ ರ್‍ಯಾಮ್ ಬೇಕು, 8 ಇದ್ದರೆ ತಡವರಿಸದೆ ಓಡುತ್ತದೆ. ಡಿಸ್ಕಿನಲ್ಲಿ 30 ಜಿಬಿಯಷ್ಟು ಜಾಗ ಬಿಡಿಸಿಟ್ಟುಕೊಳ್ಳುವುದು ಒಳ್ಳೆಯದು. ಆಟವನ್ನು ಹೊರತರುವ ಇಎ (ಎಲೆಕ್ಟ್ರಾನಿಕ್ ಆರ್ಟ್ಸ್) ಕಂಪನಿಯ ಆ್ಯಪ್ ಮೂಲಕ ಅಥವಾ ‘ಸ್ಟೀಮ್’ ಎಂಬ ಆನ್‌ಲೈನ್ ಅಂಗಡಿಯ ಮೂಲಕ ಇಳಿಸಿಕೊಳ್ಳಬಹುದು. ಎರಡರಲ್ಲೂ ಇಎ ಖಾತೆ ತೆರೆಯಬೇಕಾಗುತ್ತದೆ. ಇವೆರಡನ್ನು ಬಿಟ್ಟು ಬೇರೆಲ್ಲೋ ಸಿಗುವ ‘ಎಲ್ಲ ಪ್ಯಾಕ್ ಸೇರಿದ ಪ್ರತಿ’ಗಳ (ಪ್ಯಾಕ್ ಎಂದರೆ ದುಡ್ಡು ಕೊಟ್ಟು ಕೊಳ್ಳುವ ಹೆಚ್ಚುವರಿ ಭಾಗ) ಗೊಡವೆ ಬೇಡ. ಅವುಗಳ ಜತೆಗೆ ವೈರಸ್ ಒಳಗೆ ಬರುತ್ತದೆ.

ಮನೆಗೆ ಬ್ರಾಡ್‌ಬ್ಯಾಂಡ್ ಇಲ್ಲದೆ ಮೊಬೈಲಿನ ಹಾಟ್‌ಸ್ಪಾಟ್ ನಂಬಿದವರು ಒಂದೇ ದಿನದಲ್ಲಿ ಎಲ್ಲ ಮುಗಿಸಲು ಹೋಗಬಾರದು. ಡೌನ್‌ಲೋಡನ್ನು ನಡುವೆ ನಿಲ್ಲಿಸಿ ಮರುದಿನ ಮುಂದುವರಿಸಬಹುದು. ದಿನದ ಡೇಟಾ ಮುಗಿಯುವ ಮೊದಲು ‘ಪಾಜ್’ ಒತ್ತಿದರಾಯಿತು.

ಕಂಪ್ಯೂಟರೇ ಇಲ್ಲದವರಿಗೆ ಮೊಬೈಲಿನಲ್ಲಿ ‘ಸಿಮ್ಸ್ ಫ್ರೀಪ್ಲೇ’ ಇದೆ. ಅದರಲ್ಲಿ ಕಾಲ ನಿಜವಾದ ಗಡಿಯಾರದಂತೆ ಓಡುತ್ತದೆ, ಸಿಮ್ ಮಲಗಿತೆಂದರೆ ನಿಜಕ್ಕೂ ಗಂಟೆಗಟ್ಟಲೆ ಕಾಯಬೇಕು. ಕ್ರೀಡಾಂಗಣ ಕಟ್ಟುವ ಸ್ವಾತಂತ್ರ್ಯ ಸಿಮ್ಸ್ 4ರಲ್ಲಿ ಇರುವಷ್ಟು ಅದರಲ್ಲಿಲ್ಲ. ಈ ಲೇಖನ ಮುಂದೆ ಹೇಳುವುದೆಲ್ಲ ಕಂಪ್ಯೂಟರಿನ ಆಟದ ಬಗ್ಗೆ.

ತಂಡ ಕಟ್ಟುವುದು

ಆಟ ತೆರೆದ ಕೂಡಲೆ ‘ಕ್ರಿಯೇಟ್ ಎ ಸಿಮ್’ ಎಂಬ ಕೋಣೆ. ಮುಖ, ಮೈಕಟ್ಟು, ನಡಿಗೆ, ಬಟ್ಟೆ ಎಲ್ಲವನ್ನೂ ಇಲ್ಲಿ ತಿದ್ದಬಹುದು. ಕೆನ್ನೆಯನ್ನೋ ಮೂಗನ್ನೋ ಮೌಸಿನಲ್ಲಿ ಹಿಡಿದು ಎಳೆದರೆ ಅದು ಬದಲಾಗುತ್ತದೆ. ಹೊಸಬರು ಇಲ್ಲೇ ಒಂದು ಸಂಜೆ ಕಳೆದುಬಿಡುತ್ತಾರೆ, ಕಳೆಯಲಿ. ಆಟದ ರುಚಿಯ ಅರ್ಧ ಭಾಗ ಇರುವುದು ಇಲ್ಲೇ.

ಒಂದು ಮನೆಯಲ್ಲಿ ಹೆಚ್ಚೆಂದರೆ 8 ಸಿಮ್‌ಗಳು. ಕಬಡ್ಡಿ ಅಂಕಣದಲ್ಲಿ ಒಂದು ತಂಡದ ಆಟಗಾರರು 7. ಉಳಿದ ಒಂದು ಜಾಗ ಯಾರಿಗೆ ಎಂದು ಕೇಳಿದರೆ ಭದ್ರಾವತಿಯಲ್ಲಿ ಕಬಡ್ಡಿ ನೋಡಿ ಬೆಳೆದವರು ಯೋಚಿಸದೆ ಉತ್ತರಿಸುತ್ತಾರೆ: ಮೈಕ್ ಹಿಡಿಯುವವನಿಗೆ. ಹೀಗೆ ಏಳು ಆಟಗಾರರು, ಒಬ್ಬ ಕಾಮೆಂಟರಿಯವರು ಸೇರಿ ಮನೆ ತುಂಬುತ್ತದೆ. ಒಬ್ಬರಿಗೆ 20,000 ‘ಸಿಮೋಲಿಯನ್’ ಕೊಡುವ ಆಟ ಪ್ರತಿ ಹೆಚ್ಚುವರಿ ಸದಸ್ಯನಿಗೆ 2,000 ಸೇರಿಸುತ್ತದೆ. ಎಂಟು ಜನರ ಕೈಯಲ್ಲಿ ಒಟ್ಟು 34,000.

ಆದರೆ ಮೊದಲ ಸಲವೇ ಎಂಟು ಜನರನ್ನು ಸಾಕಲು ಹೋಗುವುದು ಬೇಡ. ಒಬ್ಬನಿಗೆ ಹಸಿವು, ಇನ್ನೊಬ್ಬನಿಗೆ ನಿದ್ದೆ, ಮತ್ತೊಬ್ಬ ಶೌಚಾಲಯದ ಬಾಗಿಲಲ್ಲಿ ಕುಣಿಯುತ್ತಿರುತ್ತಾನೆ. ಮೂರು ಪಾತ್ರಗಳಿಂದ ಆರಂಭಿಸಿ, ಕೈ ಕುದುರಿದ ಮೇಲೆ ಉಳಿದವರನ್ನು ಸೇರಿಸಿಕೊಳ್ಳುವುದು ಜಾಣತನ.

ಆ ಮೂವರು ಯಾರಾಗಬೇಕು? ಪ್ರತಿ ಯುವ ಸಿಮ್‌ಗೆ ಮೂರು ಸ್ವಭಾವ, ಒಂದು ಜೀವನದ ಗುರಿ ಆರಿಸಬೇಕು. ನೀರು ಹೊರುವ ಹುಡುಗ ಅಥವಾ ಹುಡುಗಿಗೆ ‘ಆ್ಯಕ್ಟಿವ್’ ಸ್ವಭಾವ, ‘ಬಾಡಿಬಿಲ್ಡರ್’ ಗುರಿ. ಕಾಮೆಂಟರಿಯವರಿಗೆ ‘ಗೂಫ್‌ಬಾಲ್’ ಸ್ವಭಾವ, ‘ಜೋಕ್ ಸ್ಟಾರ್’ ಗುರಿ. ಆಟಗಾರನೂ ಆಗಿ ಮೈದಾನವನ್ನೂ ನೋಡಿಕೊಳ್ಳುವ ಅಣ್ಣನಿಗೆ ‘ಲವ್ಸ್ ಔಟ್‌ಡೋರ್ಸ್’ ಮತ್ತು ‘ಪರ್ಫೆಕ್ಷನಿಸ್ಟ್’. ಸುಣ್ಣದ ಗೆರೆ ಒಂದಿಂಚು ಸೊಟ್ಟಗಾದರೂ ಮತ್ತೆ ಹಗ್ಗ ಹಿಡಿಯುವವರನ್ನು ಮೈದಾನಗಳಲ್ಲಿ ನೋಡಿದವರಿಗೆ ಈ ಜೋಡಿ ಎಷ್ಟು ಸರಿ ಎಂಬುದು ಹೊಳೆಯುತ್ತದೆ.

ಎತ್ತರದ ಮೈಕಟ್ಟೇ ಬೇಕೆಂದೇನಿಲ್ಲ. ಭದ್ರಾವತಿಯಲ್ಲಿ 1949ರ ಫೆಬ್ರುವರಿ 12ರಂದು ಹುಟ್ಟಿದ ಗುಂಡಪ್ಪ ವಿಶ್ವನಾಥ್ ಕುಳ್ಳಗಿನ ಆಟಗಾರ. ತಮ್ಮ ಮೊದಲ ರಣಜಿ ಪಂದ್ಯದಲ್ಲೇ ಆಂಧ್ರದ ಎದುರು 230 ಹೊಡೆದರು. 1969ರಲ್ಲಿ ಕಾನ್ಪುರದಲ್ಲಿ ಆಸ್ಟ್ರೇಲಿಯಾ ವಿರುದ್ಧ ಮೊದಲ ಟೆಸ್ಟ್ ಆಡಿದಾಗ ಮೊದಲ ಇನಿಂಗ್ಸಿನಲ್ಲಿ ಸೊನ್ನೆ, ಎರಡನೆಯದರಲ್ಲಿ 137. ಮುಂದೆ 91 ಟೆಸ್ಟ್‌ಗಳಲ್ಲಿ 6,080 ರನ್. ಸಿಮ್‌ಗೆ ಮೊದಲ ವಾರದಲ್ಲಿ ಬಡ್ತಿ ತಪ್ಪಿತೆಂದು ಆಟ ಅಳಿಸಿ ಹೊಸದಾಗಿ ಶುರು ಮಾಡುವ ಮಕ್ಕಳಿಗೆ ಆ ಸೊನ್ನೆಯ ಕತೆ ಹೇಳಬೇಕು.

ಕೆಲಸ ಮತ್ತು ಮೈದಂಡನೆ

ಸಿಮ್‌ನ ಫೋನು ತೆರೆದು ಉದ್ಯೋಗ ಹುಡುಕುವ ಆಯ್ಕೆಯಲ್ಲಿ ‘ಅಥ್ಲೀಟ್’ ಒತ್ತಿದರೆ ನೀರು ಕೊಡುವ ಕೆಲಸ ಖಾತ್ರಿ. ಸಂದರ್ಶನವಿಲ್ಲ, ಶಿಫಾರಸೂ ಬೇಡ. ಬಡ್ತಿ ಮಾತ್ರ ಬೆವರಿಗೆ ತಕ್ಕ ಹಾಗೆ ಸಿಗುತ್ತದೆ. ಉದ್ಯೋಗದ ಪಟ್ಟಿಯಲ್ಲಿ ಮೂರು ಸಂಗತಿ ಗಮನಿಸಬೇಕು: ದಿನದ ಕೆಲಸ, ಬೇಕಾದ ಕೌಶಲದ ಮಟ್ಟ, ಬೇಕಾದ ಮನಸ್ಥಿತಿ. ಕ್ರೀಡಾಪಟುವಿಗೆ ದಿನದ ಕೆಲಸವೆಂದರೆ ವ್ಯಾಯಾಮ, ಕೌಶಲವೆಂದರೆ ‘ಫಿಟ್‌ನೆಸ್’, ಮನಸ್ಥಿತಿಯೆಂದರೆ ‘ಎನರ್ಜೈಸ್ಡ್’, ಅಂದರೆ ಮೈಯಲ್ಲಿ ಹುರುಪು. ಹುರುಪಿನಲ್ಲಿ ಮನೆಬಿಟ್ಟವರ ಕೆಲಸ ಚೆನ್ನಾಗಿ ನಡೆಯುತ್ತದೆ. ಮುಖ ಬಾಡಿಸಿಕೊಂಡು ಹೋದವರದು ಅಲ್ಲೇ ನಿಲ್ಲುತ್ತದೆ.

ಆಟದಲ್ಲಿ ಸಾಮಾನ್ಯ ವೇಗದಲ್ಲಿ ಒಂದು ನಿಮಿಷವೆಂದರೆ ನಮ್ಮ ಒಂದು ಸೆಕೆಂಡು. ಸಿಮ್‌ನ ಒಂದು ದಿನ ನಮ್ಮ 24 ನಿಮಿಷಗಳಲ್ಲಿ ಮುಗಿಯುತ್ತದೆ. ಈ ಲೆಕ್ಕ ಗೊತ್ತಿದ್ದರೆ ಬೆಳಗಿನ ದಿನಚರಿ ಹೊಂದಿಸುವುದು ಸುಲಭ. ಎದ್ದ ಕೂಡಲೆ ಶೌಚ, ಲಘು ತಿಂಡಿ, ಆಮೇಲೆ ಓಟ, ಸ್ನಾನ, ಕೆಲಸ. ಬೆಳಿಗ್ಗೆ ನೆಹರೂ ಕ್ರೀಡಾಂಗಣಕ್ಕೆ ಬರುವವರ ಕ್ರಮವೂ ಹೆಚ್ಚುಕಡಿಮೆ ಇದೇ. ವ್ಯಾಯಾಮದಿಂದ ಸ್ವಚ್ಛತೆ, ಶಕ್ತಿ ಎರಡೂ ಇಳಿಯುತ್ತವೆ. ಹಾಗಾಗಿ ಓಟವನ್ನು ಸ್ನಾನದ ನಂತರ ಇಟ್ಟುಕೊಂಡವರ ಸಿಮ್ ಸುತ್ತ ನಾರುವ ಹಸಿರು ಹೊಗೆ ಏಳುತ್ತದೆ, ಎದುರಿಗೆ ಬಂದವರು ಮೂಗು ಮುಚ್ಚುತ್ತಾರೆ.

ಸಿಮ್ ಕೆಲಸದಲ್ಲಿರುವಾಗಲೂ ಒಂದು ಸಣ್ಣ ಹಿಡಿತ ಕೈಯಲ್ಲಿರುತ್ತದೆ. ಅದರ ಚಿತ್ರ ಒತ್ತಿದರೆ ಕಷ್ಟಪಟ್ಟು ದುಡಿ, ಆರಾಮಾಗಿರು, ಜತೆಗಾರರೊಡನೆ ಬೆರೆ ಎಂಬಂತಹ ಆಯ್ಕೆಗಳಿವೆ. ಬಡ್ತಿ ಹತ್ತಿರವಿದ್ದರೆ ಮೊದಲನೆಯದು, ಸಿಮ್ ಸುಸ್ತಾಗಿದ್ದರೆ ಎರಡನೆಯದು.

ಟ್ರೆಡ್‌ಮಿಲ್ ಬಗ್ಗೆ ಎರಡು ಮಾತು. ಫಿಟ್‌ನೆಸ್ ಕಡಿಮೆಯಿರುವ ಸಿಮ್ ಅದರ ಮೇಲೆ ಓಡಲು ಹೋಗಿ ಜಾರಿಬೀಳುವುದುಂಟು. ಮೊದಲ ದಿನಗಳಲ್ಲಿ ಇದು ಮನೆಮಂದಿಗೆಲ್ಲ ನಗು. ದಿನ ಬಿಡದೆ ಓಡಿಸಿದರೆ ಮೈಯ ಆಕಾರವೂ ನಿಧಾನವಾಗಿ ಬದಲಾಗುತ್ತದೆ, ಕೌಶಲ ಹತ್ತನೆಯ ಮಟ್ಟದವರೆಗೆ ಏರುತ್ತದೆ. ಆದರೆ ವಯಸ್ಸಾದ ಸಿಮ್‌ಗಳಿಗೆ ಈ ಯಂತ್ರ ಅಪಾಯ. ದಣಿವಿನ ಸೂಚನೆ ಬಂದ ಮೇಲೂ ಬಿಡದೆ ವ್ಯಾಯಾಮ ಮಾಡಿಸಿದರೆ ಅಜ್ಜ ಅಲ್ಲೇ ಕುಸಿದು ಸಾಯುತ್ತಾನೆ, ಕರಿಯ ನಿಲುವಂಗಿಯ ಯಮದೂತ ಬಂದು ನಿಲ್ಲುತ್ತಾನೆ.

ನಕ್ಕೂ ಸಾಯಬಹುದು

ಈ ಆಟದಲ್ಲಿ ಭಾವನೆಗಳಿಗೆ ಮಟ್ಟಗಳಿವೆ. ಖುಷಿಯ ಚೇಷ್ಟೆ ಒಂದು ಹಂತ ದಾಟಿದರೆ ಅದು ‘ಹಿಸ್ಟೀರಿಕಲ್’ ಎಂಬ ಉನ್ಮಾದದ ನಗುವಾಗುತ್ತದೆ. ಆ ಸ್ಥಿತಿ ಇಳಿಯುವ ಮೊದಲು ಮತ್ತೊಮ್ಮೆ ಹಾಗೆಯೇ ನಕ್ಕರೆ ಸಿಮ್ ನಕ್ಕು ನಕ್ಕೇ ಪ್ರಾಣ ಬಿಡುತ್ತದೆ. ಕಾಮೆಂಟರಿಯವರು ಜೋಕು ಸಿಡಿಸುವ ಉತ್ಸಾಹದಲ್ಲಿ ಈ ಗೆರೆ ದಾಟುವುದು ಬಲು ಸುಲಭ. ಹಾಗೇನಾದರೂ ಆದರೆ ಆಟವನ್ನು ತಕ್ಷಣ ನಿಲ್ಲಿಸಿ, ಸಿಮ್ ಅನ್ನು ಕನ್ನಡಿಯ ಮುಂದೆ ಕಳಿಸಿ ಸಮಾಧಾನ ಮಾಡಿಕೊಳ್ಳುವ ಆಯ್ಕೆ ಒತ್ತಬೇಕು. ವಿಪರೀತ ಅವಮಾನ, ವಿಪರೀತ ಸಿಟ್ಟಿಗೂ ಇದೇ ಗತಿ. ಕ್ರೀಡಾಂಗಣದಲ್ಲಿ ಕನ್ನಡಿಯಿರುವ ಕೋಣೆ ಒಂದು ಇರಲೇಬೇಕು ಎನ್ನಲು ಇದೇ ಕಾರಣ.

ಅಳತೆ ಹಿಡಿದು ಜಾಗ ಹುಡುಕುವುದು

ಇನ್ನು ಕಟ್ಟಡ. ಇಲ್ಲಿ ಹೆಚ್ಚಿನವರು ಮುಗ್ಗರಿಸುವುದು ಅಳತೆಯಲ್ಲಿ. ಆಟದಲ್ಲಿ ಸಿಗುವ ಅತಿ ದೊಡ್ಡ ನಿವೇಶನ 64ಕ್ಕೆ 64 ಚೌಕ. ಒಂದು ಚೌಕವನ್ನು ಸುಮಾರು ಒಂದು ಮೀಟರ್ ಎಂದು ಹಿಡಿದರೆ, 400 ಮೀಟರ್ ಓಟದ ಪಥ ಅದರೊಳಗೆ ಕೂರುವ ಮಾತೇ ಇಲ್ಲ. ಆ ಪಥದ ಒಂದು ನೇರ ಬದಿಯೇ 84 ಮೀಟರಿಗಿಂತ ಉದ್ದ. ಕ್ರಿಕೆಟಿನ ಬೌಂಡರಿಯೂ ಅಷ್ಟೇ: ಪಿಚ್ಚಿನಿಂದ 60, 70 ಮೀಟರ್ ದೂರದ ಗೆರೆಯನ್ನು ಎಲ್ಲಿ ಎಳೆಯುವುದು? ನವುಲೆಯನ್ನು ಇದ್ದ ಹಾಗೆ ತರಲು ಹೊರಟವರು ಅರ್ಧ ದಿನ ಕಳೆದು ಕೈಚೆಲ್ಲುತ್ತಾರೆ.

ಪಿಚ್ ಮಾತ್ರ ಕೂರುತ್ತದೆ. 22 ಗಜವೆಂದರೆ 20.12 ಮೀಟರ್, ಇಪ್ಪತ್ತು ಚೌಕ ಉದ್ದ, ಮೂರು ಚೌಕ ಅಗಲ. ಸುತ್ತ ಬೇಲಿಯ ಬಲೆ ನಿಲ್ಲಿಸಿದರೆ ಕ್ರಿಕೆಟ್ ಅಭ್ಯಾಸದ ‘ನೆಟ್ಸ್’ ಸಿದ್ಧ. ಖೋ ಖೋ ಅಂಕಣವೂ ಕೂರುತ್ತದೆ, 27ಕ್ಕೆ 16. ಎಲ್ಲಕ್ಕಿಂತ ಹೇಳಿ ಮಾಡಿಸಿದಂತೆ ಕೂರುವುದು ಕಬಡ್ಡಿ: ಪುರುಷರ ಅಂಕಣ 13 ಮೀಟರ್ ಉದ್ದ, 10 ಮೀಟರ್ ಅಗಲ. ಸುತ್ತ ಗ್ಯಾಲರಿ, ಬಟ್ಟೆ ಬದಲಿಸುವ ಕೋಣೆ, ತಿಂಡಿಯ ಜಾಗ, ಬೈಕ್ ನಿಲ್ಲಿಸುವ ಅಂಗಳ ಎಲ್ಲಕ್ಕೂ ಜಾಗ ಉಳಿಯುತ್ತದೆ. ಆದ್ದರಿಂದ ಶಿವಮೊಗ್ಗದವರಾಗಲಿ ಭದ್ರಾವತಿಯವರಾಗಲಿ ಮೊದಲ ಕ್ರೀಡಾಂಗಣವನ್ನು ಕಬಡ್ಡಿಗೇ ಮೀಸಲಿಡುವುದು ಒಳಿತು.

ಜಾಗಕ್ಕೆ ‘ನ್ಯೂಕ್ರೆಸ್ಟ್’ ಎಂಬ ಊರು ಸರಿ. 2015ರಲ್ಲಿ ಉಚಿತವಾಗಿ ಸೇರಿಸಿದ ಊರು ಅದು. 15 ನಿವೇಶನಗಳಿವೆ, ಎಲ್ಲವೂ ಖಾಲಿ. ಅವುಗಳಲ್ಲಿ ದೊಡ್ಡದನ್ನು ಆರಿಸಿ, ಅದರ ಬಗೆಯನ್ನು ‘ಜಿಮ್’ ಎಂದು ಬದಲಿಸಬೇಕು. ಜಿಮ್ ಎಂದು ಗುರುತಾದ ಜಾಗಕ್ಕೆ ಊರಿನ ಬೇರೆ ಸಿಮ್‌ಗಳು ತಾವಾಗಿಯೇ ಬರುತ್ತವೆ, ಹಾಗಾಗಿ ಪ್ರೇಕ್ಷಕರನ್ನು ಕರೆತರುವ ಕಷ್ಟವಿಲ್ಲ. ಎಂತಹ ವ್ಯಾಯಾಮ ಸಾಮಗ್ರಿ ಎಷ್ಟು ಬೇಕು, ಶೌಚಾಲಯ ಬೇಕೇ ಎಂಬ ಪಟ್ಟಿಯನ್ನು ಆಟವೇ ತೋರಿಸುತ್ತದೆ.

ಹಣದ ಚಿಂತೆಯೂ ಬೇಡ. ಮನೆಯವರ ಕೈಯಿಂದ ಖರ್ಚು ಮಾಡದೆ, ಊರುಗಳ ನಕ್ಷೆಯಿಂದ ನೇರವಾಗಿ ನಿವೇಶನ ತೆರೆದು ಕಟ್ಟಿದರೆ ಸಾರ್ವಜನಿಕ ಜಾಗಕ್ಕೆ ಒಂದು ಕಾಸೂ ಹಿಡಿಯುವುದಿಲ್ಲ. ಇದು ತಿಳಿಯದೆ ಅನೇಕರು 50,000 ತರುವ ‘ಮದರ್‌ಲೋಡ್’ ಗುಟ್ಟಿನ ಪದವನ್ನು ಮತ್ತೆ ಮತ್ತೆ ಹೊಡೆಯುತ್ತಾರೆ. ಮೈದಾನ ಊರಿನ ಕೆಲಸ, ಅದು ಪುಕ್ಕಟೆಯಾಗಲಿ. ಸಿಮ್‌ಗಳ ಮನೆಯ ಖರ್ಚು ಮಾತ್ರ ಅವರ ಸಂಬಳದಲ್ಲೇ ಸಾಗಲಿ. ನೀರು ಹೊರುವ ಕೆಲಸದವನ ಖಾತೆಗೆ ಲಕ್ಷ ಸುರಿದ ದಿನವೇ ಬಡ್ತಿಯ ಆಸೆ ಸತ್ತುಹೋಗುತ್ತದೆ, ಆಟವೂ ಅಲ್ಲಿಗೆ ಸಪ್ಪೆ.

ಅಂಕಣ, ಗ್ಯಾಲರಿ, ಚಿಮಣಿ

ಕಟ್ಟುವ ಮುನ್ನ ಒಂದು ಸಂಜೆ ನಿಜವಾದ ಮೈದಾನಕ್ಕೆ ಹೋಗಿ ಬರಬೇಕು. ಮೊಬೈಲಿನಲ್ಲಿ ನಾಲ್ಕಾರು ಚಿತ್ರ, ಕಾಗದದಲ್ಲಿ ಒಂದು ನಕ್ಷೆ ಸಾಕು. ಗೇಟು ಯಾವ ದಿಕ್ಕಿಗಿದೆ, ನೀರಿನ ನಲ್ಲಿ ಎಲ್ಲಿದೆ, ಮರದ ನೆರಳಿನಲ್ಲಿ ಯಾರು ಕೂರುತ್ತಾರೆ, ಚಪ್ಪಲಿ ಎಲ್ಲಿ ಬಿಡುತ್ತಾರೆ ಎಂದು ನೋಡಿಕೊಂಡವರು ಕಟ್ಟಿದ ಕ್ರೀಡಾಂಗಣ ನೋಡಿದ ತಕ್ಷಣ ಗುರುತು ಸಿಗುತ್ತದೆ.

ಅಂಕಣಕ್ಕೆ ಸರಿಯಾಗಿ 13 ಚೌಕ ತೆಗೆದುಕೊಂಡರೆ ನಡುಗೆರೆ ಆರೂವರೆಗೆ ಬಂದು ತೊಡಕಾಗುತ್ತದೆ. ಒಂದು ಚೌಕ ಹೆಚ್ಚಿಸಿ 14ಕ್ಕೆ 10 ಮಾಡಿ, ಏಳೇಳು ಚೌಕದ ಎರಡು ಪಾಳೆಗಳಿಗೆ ಎರಡು ಬಣ್ಣದ ನೆಲಹಾಸು ಹಾಕಿದರೆ ಬಣ್ಣ ಬದಲಾಗುವ ಜಾಗವೇ ನಡುಗೆರೆ. ನಿಯಮದ ಪ್ರಕಾರ ನಡುಗೆರೆಯಿಂದ 3.75 ಮೀಟರಿಗೆ ಬಾಕ್ ಲೈನ್, ಅಲ್ಲಿಂದ ಇನ್ನೊಂದು ಮೀಟರಿಗೆ ಬೋನಸ್ ಲೈನ್. ಆಟದಲ್ಲಿ ಅವು ನಾಲ್ಕು ಮತ್ತು ಐದನೆಯ ಚೌಕದ ಅಂಚಿಗೆ ಬರುತ್ತವೆ. ಎರಡು ಪಕ್ಕಗಳಲ್ಲಿ ಒಂದೊಂದು ಚೌಕದ ಲಾಬಿಗೆ ಬೇರೆ ಬಣ್ಣ. ಮಣ್ಣಿನ ಅಂಕಣವೇ ಬೇಕೆನ್ನುವವರು ನೆಲಹಾಸು ಬಿಟ್ಟು, ನೆಲಕ್ಕೆ ಬಣ್ಣ ಬಳಿಯುವ ಕುಂಚದಿಂದ ಕೆಮ್ಮಣ್ಣು ಹರಡಬಹುದು.

ಗ್ಯಾಲರಿಗೆ 2020ರಲ್ಲಿ ಉಚಿತವಾಗಿ ಬಂದ ‘ಪ್ಲಾಟ್‌ಫಾರ್ಮ್’ ಉಪಕರಣವೇ ಸಾಕು. ಎರಡು ಚೌಕ ಅಗಲದ ಉದ್ದನೆಯ ಕಟ್ಟೆಯೊಂದನ್ನು ಎಳೆದು, ಅದರ ಹಿಂದೆ ಸ್ವಲ್ಪ ಎತ್ತರದ್ದು, ಅದರ ಹಿಂದೆ ಇನ್ನೂ ಎತ್ತರದ್ದು ಎಂದು ಮೂರು ನಾಲ್ಕು ಸಾಲು ಮಾಡಿ ಮೇಲೆ ಬೆಂಚು, ಕುರ್ಚಿ ಇಡಬೇಕು. ಬದಿಯಲ್ಲಿ ಮೆಟ್ಟಿಲು ಇಡಲು ಮರೆತರೆ ಸಿಮ್‌ಗಳು ಮೇಲೆ ಹತ್ತಲಾರದೆ ಕೈ ಬೀಸಿ ಗೊಣಗುತ್ತವೆ. ವಸ್ತುಗಳು ಒಂದಕ್ಕೊಂದು ತಾಗಿ ಕೂರದಿದ್ದರೆ ಕಂಟ್ರೋಲ್, ಶಿಫ್ಟ್, ಸಿ ಕೀಲಿಗಳನ್ನು ಒಟ್ಟಿಗೆ ಒತ್ತಿ, ಬರುವ ಪಟ್ಟಿಯಲ್ಲಿ ‘ಬಿಬಿ.ಮೂವ್‌ಆಬ್ಜೆಕ್ಟ್ಸ್ ಆನ್’ ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದರೆ ಅಡ್ಡಿ ಹೋಗುತ್ತದೆ. ವಸ್ತುವನ್ನು ಹಿಡಿದು ಶಿಫ್ಟ್ ಜತೆಗೆ ಬಲಗಡೆಯ ಚೌಕಾವರಣದ ಕೀಲಿ ಒತ್ತಿದರೆ ಅದು ದೊಡ್ಡದಾಗುತ್ತದೆ. ಚಿಕ್ಕ ದೀಪವನ್ನು ಹೀಗೆ ಹಿಗ್ಗಿಸಿ ನಾಲ್ಕು ಮೂಲೆಗಳಲ್ಲಿ ಕಂಬದ ಮೇಲೆ ಕೂರಿಸಿದರೆ ಹೊನಲು ಬೆಳಕು ಬಂತು.

ಭದ್ರಾವತಿಯ ಕಳೆ ಬರಬೇಕಾದರೆ ಹಿನ್ನೆಲೆಯಲ್ಲಿ ಕಾರ್ಖಾನೆ ಇರಬೇಕು. ಮೈಸೂರು ಸಂಸ್ಥಾನದ ಕಬ್ಬಿಣದ ಕಾರ್ಖಾನೆ 1923ರಲ್ಲಿ ಉತ್ಪಾದನೆ ಆರಂಭಿಸಿತು, ಅದೇ ಮುಂದೆ ವಿಶ್ವೇಶ್ವರಯ್ಯನವರ ಹೆಸರಿನ ವಿಐಎಸ್‌ಎಲ್ ಆಯಿತು. 1936ರಲ್ಲಿ ಮೈಸೂರು ಕಾಗದ ಕಾರ್ಖಾನೆ ಸ್ಥಾಪನೆಯಾಯಿತು. ಕಾರ್ಖಾನೆಗಳ ಜತೆಗೇ ನ್ಯೂಟೌನ್, ಕಾಗದನಗರದಂತಹ ಬಡಾವಣೆಗಳು, ಕಾರ್ಮಿಕರ ಮಕ್ಕಳು ಆಡುವ ಮೈದಾನಗಳು ಬೆಳೆದವು. ನಿವೇಶನದ ಒಂದು ಅಂಚಿನಲ್ಲಿ ದುಂಡನೆಯ ಕಂಬಗಳನ್ನು ಒಂದರ ಮೇಲೊಂದು ಏರಿಸಿ ಚಿಮಣಿ, ಅದರ ಪಕ್ಕ ಇಳಿಜಾರು ಮಾಡಿನ ಒಂದು ಕ್ವಾರ್ಟರ್ಸ್ ಮನೆ ಕಟ್ಟಿದರೆ ಭದ್ರಾವತಿ ಅಲ್ಲಿ ನಿಂತಂತೆ.

ಒಂದನ್ನು ಮುಚ್ಚಿಡಬಾರದು. ಸಿಮ್‌ಗಳಿಗೆ ಕಬಡ್ಡಿ ಆಡಲು ಬರುವುದಿಲ್ಲ, ಆಟದಲ್ಲಿ ಅಂತಹ ಕ್ರಿಯೆಯೇ ಇಲ್ಲ. ಅಂಕಣದ ಸುತ್ತ ಗುದ್ದುವ ಚೀಲ, ಭಾರ ಎತ್ತುವ ಯಂತ್ರ, ಟ್ರೆಡ್‌ಮಿಲ್ ಇಟ್ಟರೆ ಅದು ತಂಡದ ತರಬೇತಿ ಶಿಬಿರವಾಗುತ್ತದೆ. ಪಂದ್ಯವನ್ನು ಆಡುವವರ ಕಲ್ಪನೆ ತುಂಬಿಕೊಳ್ಳಬೇಕು. ಎರಡೂ ಪಾಳೆಗಳಲ್ಲಿ ಸಿಮ್‌ಗಳನ್ನು ಎದುರುಬದುರು ನಿಲ್ಲಿಸಿ, ತುಂಟತನದ ಮಾತು, ಕೆಣಕುವ ಮಾತು ಆಡಿಸಿ ಚಿತ್ರ ತೆಗೆದರೆ ರೈಡ್ ನಡೆದಂತೆಯೇ ಕಾಣುತ್ತದೆ.

ಮೈಕ್ ಮತ್ತು ಮಂಡಕ್ಕಿ

ಮೂಲ ಆಟದಲ್ಲೇ ಹಾಸ್ಯ ಪ್ರದರ್ಶನಕ್ಕಾಗಿ ಮೈಕ್ ಇದೆ. ಅದನ್ನು ಅಂಕಣದ ಬದಿಯ ಎತ್ತರದ ಕಟ್ಟೆಯಲ್ಲಿಟ್ಟು ಕಾಮೆಂಟರಿಯವರನ್ನು ನಿಲ್ಲಿಸಬೇಕು. ಶುರುವಿನಲ್ಲಿ ಅವರ ಜೋಕಿಗೆ ಯಾರೂ ನಗುವುದಿಲ್ಲ. ‘ಕಾಮಿಡಿ’ ಕೌಶಲ ಏರಿದಂತೆ ಗ್ಯಾಲರಿ ಕೇಕೆ ಹಾಕುತ್ತದೆ. ಮನೆಯ ಕಂಪ್ಯೂಟರಿನಲ್ಲಿ ಜೋಕು ಬರೆಸುವುದು, ಸಿಕ್ಕಸಿಕ್ಕವರಿಗೆ ಹೇಳಿಸುವುದು, ಪುಸ್ತಕ ಓದಿಸುವುದು ಕೌಶಲ ಬೆಳೆಸುವ ದಾರಿಗಳು. ಈ ಪಾತ್ರಕ್ಕೆ ‘ಎಂಟರ್‌ಟೈನರ್’ ಉದ್ಯೋಗ ಕೊಟ್ಟರೆ ಹಾಸ್ಯ ಕಲಾವಿದನ ಕವಲು ಹಿಡಿದು ಸಂಬಳವನ್ನೂ ತರುತ್ತಾರೆ.

ಪಂದ್ಯ ನೋಡುತ್ತಾ ತಿನ್ನುವ ಮಂಡಕ್ಕಿ ಆಟದಲ್ಲಿಲ್ಲ. ತಿಂಡಿಯ ಮೂಲೆಗೆ ಫ್ರಿಜ್, ಮೇಜು ಇಟ್ಟು ಸಲಾಡ್ ಮಾಡಿಸುವುದು ಸುರಕ್ಷಿತ, ಅದಕ್ಕೆ ಬೆಂಕಿ ಬೇಡ. ಅಡುಗೆ ಬಾರದ ಸಿಮ್ ಒಲೆ ಹಚ್ಚಿದರೆ ಬೆಂಕಿ ಬೀಳುವ ಸಂಭವ ಹೆಚ್ಚು, ಆಗ ಸುತ್ತಲಿನವರೆಲ್ಲ ಓಡದೆ ಅಲ್ಲೇ ನಿಂತು ಕಿರುಚುತ್ತಾರೆ. ಒಲೆ ಇಟ್ಟಲ್ಲಿ ಹೊಗೆ ಗಂಟೆ ಇಡಲು ಮರೆಯಬಾರದು.

ಮಳೆ, ಪ್ಯಾಕು, ಮಕ್ಕಳು

ಮೂಲ ಆಟದಲ್ಲಿ ಮಳೆಯಿಲ್ಲ. ಮಳೆಯಿಲ್ಲದ ಮಲೆನಾಡನ್ನು ಒಪ್ಪಿಕೊಳ್ಳುವುದು ಇಲ್ಲಿನವರಿಗೆ ಕಷ್ಟವೇ. ಮಳೆ, ಚಳಿ, ಸಿಡಿಲು ಬರುವುದು 2018ರ ‘ಸೀಸನ್ಸ್’ ಪ್ಯಾಕಿನಲ್ಲಿ. ನಮ್ಮದೇ ಹಬ್ಬಗಳನ್ನು ಕ್ಯಾಲೆಂಡರಿಗೆ ಸೇರಿಸುವ ಅವಕಾಶವೂ ಅದರಲ್ಲಿದೆ. ಶಾಲಾ ಫುಟ್‌ಬಾಲ್ ತಂಡ, ಪ್ರೋತ್ಸಾಹ ನೃತ್ಯದ ತಂಡ ಬೇಕೆಂದರೆ 2022ರ ‘ಹೈಸ್ಕೂಲ್ ಇಯರ್ಸ್’. ಮುಂಬೈಯ ಬೀದಿ ಉಡುಪಿನಿಂದ ಸ್ಫೂರ್ತಿ ಪಡೆದ ಬಟ್ಟೆಗಳ ‘ಫ್ಯಾಶನ್ ಸ್ಟ್ರೀಟ್’ ಕಿಟ್ 2021ರಲ್ಲಿ ಬಂತು. ಇವೆಲ್ಲಕ್ಕೂ ದುಡ್ಡು ಕೊಡಬೇಕು. ಇಂತಹ ಪ್ಯಾಕುಗಳು ಹತ್ತಾರಿವೆ, ಎಲ್ಲವನ್ನೂ ಕೊಂಡರೆ ಮೊತ್ತ ಲ್ಯಾಪ್‌ಟಾಪಿನ ಬೆಲೆಗೆ ಹತ್ತಿರವಾಗುತ್ತದೆ. ಒಂದನ್ನೇ ಕೊಳ್ಳುವುದಾದರೆ ಸೀಸನ್ಸ್ ಸಾಕು, ಅದೂ ರಿಯಾಯಿತಿ ಬಂದಾಗ. ಪೋಷಕರು ಮಕ್ಕಳ ಖಾತೆಗೆ ಎಟಿಎಂ ಕಾರ್ಡ್ ಅಥವಾ ಯುಪಿಐ ಜೋಡಿಸಿಡುವುದು ಬೇಡ.

ಆಟದಲ್ಲಿ ಪ್ರಣಯ, ಸಾವುಗಳಿವೆ. ಯುರೋಪಿನ ವರ್ಗೀಕರಣದಲ್ಲಿ ಇದು 12 ವರ್ಷ ಮೇಲ್ಪಟ್ಟವರಿಗೆ, ಅಮೆರಿಕದಲ್ಲಿ ಹದಿಹರೆಯದವರಿಗೆ. ಅದಕ್ಕಿಂತ ಚಿಕ್ಕವರು ದೊಡ್ಡವರ ಪಕ್ಕದಲ್ಲಿ ಕೂತು ಕ್ರೀಡಾಂಗಣ ಕಟ್ಟಲಿ, ಆ ಭಾಗದಲ್ಲಿ ಯಾವ ಅಡ್ಡಿಯೂ ಇಲ್ಲ. ಅಜ್ಜ ಹಳೆಯ ಮೈದಾನ ಹೇಗಿತ್ತು ಎಂದು ಹೇಳುತ್ತಾ ಹೋದರೆ ಮೊಮ್ಮಗಳು ಮೌಸ್ ಹಿಡಿದು ಕಟ್ಟಬಹುದು.

ಉಳಿಸುವುದು, ಹಂಚುವುದು

ಮಳೆಗಾಲದಲ್ಲಿ ಕರೆಂಟು ಯಾವಾಗ ಹೋಗುತ್ತದೆಂದು ಹೇಳಲಾಗದು. ಆಟವನ್ನು ಆಗಾಗ ಸೇವ್ ಮಾಡಬೇಕು, ದೊಡ್ಡ ಬದಲಾವಣೆಗೆ ಮೊದಲು ‘ಸೇವ್ ಆ್ಯಸ್’ ಒತ್ತಿ ಬೇರೆ ಹೆಸರಿನಲ್ಲಿ ಒಂದು ಪ್ರತಿ ಇಡಬೇಕು. ಕಂಪ್ಯೂಟರಿನ ಡಾಕ್ಯುಮೆಂಟ್ಸ್ ಒಳಗೆ ಎಲೆಕ್ಟ್ರಾನಿಕ್ ಆರ್ಟ್ಸ್, ಅದರೊಳಗೆ ದಿ ಸಿಮ್ಸ್ 4 ಎಂಬ ಕಡತಕೋಶವಿದೆ. ಅಲ್ಲಿನ ‘ಸೇವ್ಸ್’ನಲ್ಲಿ ಆಡಿದ ಬದುಕು, ‘ಟ್ರೇ’ಯಲ್ಲಿ ಸಂಗ್ರಹಕ್ಕೆ ಸೇರಿಸಿಟ್ಟ ಕಟ್ಟಡ ಮತ್ತು ಕುಟುಂಬಗಳು ಇರುತ್ತವೆ. ಎರಡನ್ನೂ ವಾರಕ್ಕೊಮ್ಮೆ ಪೆನ್‌ಡ್ರೈವಿಗೆ ನಕಲು ಮಾಡಿಟ್ಟರೆ ಕಂಪ್ಯೂಟರ್ ಕೆಟ್ಟರೂ ಮೈದಾನ ಉಳಿಯುತ್ತದೆ.

ಕಟ್ಟಿದ್ದನ್ನು ‘ಗ್ಯಾಲರಿ’ ಎಂಬ ಆನ್‌ಲೈನ್ ಸಂಗ್ರಹಕ್ಕೆ ಏರಿಸಿದರೆ ಜಗತ್ತಿನ ಯಾರು ಬೇಕಾದರೂ ತಮ್ಮ ಊರಲ್ಲಿ ಅದನ್ನು ನಿಲ್ಲಿಸಿಕೊಳ್ಳಬಹುದು. ಹೆಸರಿನಲ್ಲೂ ವಿವರಣೆಯಲ್ಲೂ ಶಿವಮೊಗ್ಗ, ಭದ್ರಾವತಿ, ಕಬಡ್ಡಿ ಎಂಬ ಪದಗಳು ಇಂಗ್ಲಿಷ್ ಅಕ್ಷರಗಳಲ್ಲಿ ಇದ್ದರೆ ಹುಡುಕುವವರಿಗೆ ಸಿಗುತ್ತದೆ. ಆ ಪದಗಳಲ್ಲೊಂದನ್ನು ಹ್ಯಾಶ್‌ಟ್ಯಾಗ್ ಮಾಡಿಕೊಂಡರೆ ಗೆಳೆಯರೆಲ್ಲರ ಕಟ್ಟಡಗಳು ಒಂದೇ ಕಡೆ ಕಾಣುತ್ತವೆ. ಮಕ್ಕಳ ನಿಜವಾದ ಹೆಸರು, ಶಾಲೆ, ಮನೆಯ ವಿಳಾಸ ಮಾತ್ರ ಅಲ್ಲಿ ಬರೆಯಬಾರದು.

ಇಂಟರ್‌ನೆಟ್ ಇಲ್ಲದೆಯೂ ವಿನಿಮಯ ಸಾಧ್ಯ. ಶಿವಮೊಗ್ಗದ ಹುಡುಗಿ ಕಟ್ಟಿದ ಕಬಡ್ಡಿ ಅಂಕಣದ ಕಡತಗಳನ್ನು ‘ಟ್ರೇ’ಯಿಂದ ಪೆನ್‌ಡ್ರೈವಿಗೆ ಹಾಕಿ ಬಸ್ಸಿನಲ್ಲಿ ಭದ್ರಾವತಿಯ ಗೆಳತಿಗೆ ಮುಟ್ಟಿಸಿದರೆ, ಅವಳು ತನ್ನ ‘ಟ್ರೇ’ಗೆ ಸೇರಿಸಿ ಆಟ ತೆರೆದ ಕೂಡಲೆ ಅಂಕಣ ಅವಳ ಸಂಗ್ರಹದಲ್ಲಿರುತ್ತದೆ. ಒಂದು ಕಟ್ಟಡಕ್ಕೆ ಸೇರಿದ ಕಡತಗಳು ಹಲವಿರುತ್ತವೆ, ಒಂದನ್ನು ಬಿಟ್ಟರೂ ಅದು ಕಾಣಿಸುವುದಿಲ್ಲ. ಕಟ್ಟಿದ ದಿನಾಂಕದ ಪ್ರಕಾರ ಜೋಡಿಸಿ, ಒಂದೇ ಹೊತ್ತಿನಲ್ಲಿ ಹುಟ್ಟಿದ ಕಡತಗಳನ್ನೆಲ್ಲ ಒಟ್ಟಿಗೆ ಆರಿಸಿ ನಕಲು ಮಾಡಬೇಕು. ಅಲ್ಲಿನ ಸಿಮ್ ತಂಡಕ್ಕೆ ಈ ಅಂಕಣವನ್ನು ನ್ಯೂಕ್ರೆಸ್ಟಿನ ಇನ್ನೊಂದು ಖಾಲಿ ನಿವೇಶನದಲ್ಲಿ ಇಳಿಸಿ, ಬಗೆ ‘ಜಿಮ್’ ಎಂದೇ ಇದೆಯೇ ಎಂದು ಮತ್ತೊಮ್ಮೆ ನೋಡಿಕೊಂಡರೆ ಮರುದಿನ ಬೆಳಿಗ್ಗೆಯ ಓಟಕ್ಕೆ ತಂಡವನ್ನು ಅಲ್ಲಿಗೇ ಕರೆದೊಯ್ಯಬಹುದು.